ಮೂರನೆಯ ಮನೆಯಿಂದ ನಾಲ್ಕನೆಯ ಮನೆಗೆ

ಎಂಬತ್ತರ ದಶಕದ ನಡುವೆ ಎರಡು ವರ್ಷ ನನ್ನ ಗಂಡ ಒಂದು ದೇಶದಲ್ಲಿದ್ದರು, ನಾನು ಮಗಳೊಂದಿಗೆ ಇನ್ನೊಂದು ದೇಶದಲ್ಲಿದ್ದೆ. ಮೈಸೂರಿನಲ್ಲಿ ಡಾಕ್ಟರಿಕೆ ಓದಿ ಬಂದಿದ್ದ ಅವರಿಗೆ ಕ್ಯಾಲಿಫೋರ್ನಿಯಾದ ಯಾವ ಆಸ್ಪತ್ರೆಯಲ್ಲೂ ತರಬೇತಿಗೆ ಜಾಗ ಸಿಗಲಿಲ್ಲ. ನನಗೆ ಮಿಲ್ಪಿಟಾಸಿನ ಎಲೆಕ್ಟ್ರಾನಿಕ್ಸ್ ಕಂಪನಿಯಲ್ಲಿ ಬೋರ್ಡುಗಳನ್ನು ಟೆಸ್ಟ್ ಮಾಡುವ ಕೆಲಸವಿತ್ತು. ಕೆನಡಾದ ಬಯಲು ಸೀಮೆಯ ಒಂದು ಮುನಿಸಿಪಾಲಿಟಿಯವರು ಡಾಕ್ಟರು ಬೇಕೆಂದು ಕರೆದಾಗ ಅವರು ಹೊರಟರು. ನಾನು ಬರುವುದಿಲ್ಲ ಎಂದೆ.

ಮುನಿಸಿಪಾಲಿಟಿ ಎಂದರೆ ಊರು ಎಂದುಕೊಳ್ಳಬಾರದು. ಅದು ಬರೀ ಗೋಧಿ ಹೊಲ, ಹುಲ್ಲು, ಆಕಾಶ. ಅದರೊಳಗೆ ಎರಡು ಪುಟ್ಟ ಹಳ್ಳಿಗಳು, ದಕ್ಷಿಣದಲ್ಲೊಂದು, ಉತ್ತರದಲ್ಲೊಂದು. ನಡುವೆ ಹದಿನೆಂಟು ಮೈಲಿ ನೆಟ್ಟಗಿನ ರಸ್ತೆ. ಆ ರಸ್ತೆಗೆ ಆರು ಮನೆಗಳು. ಪ್ರತಿ ಭಾನುವಾರ ಫೋನು ಮಾಡಿ ಅವರು ಇದನ್ನೆಲ್ಲ ಬಣ್ಣಿಸುತ್ತಿದ್ದರು.

"ಒಂದ್ಸಲ ಬಂದು ನೋಡೇ. ಜನ ಎಷ್ಟ್ ಒಳ್ಳೆಯವರು ಗೊತ್ತಾ?"

"ಹದಿನೆಂಟು ಮೈಲಿಗೆ ಆರು ಮನೆ ಅಂತೀರಿ. ಅಲ್ಲಿ ಬಂದು ನಾನು ಯಾರ ಹತ್ರ ಮಾತಾಡ್ಲಿ?"

ಜನವರಿಯ ಒಂದು ಭಾನುವಾರ ಅವರು, ರಸ್ತೆಯ ಮಧ್ಯೆ ಇರುವ ಸಮುದಾಯ ಭವನದ ವಿಷಯ ತೆಗೆದರು. ಅಲ್ಲಿ ಹೆಂಗಸರೆಲ್ಲ ಸೇರಿ ಊಟ ಹಾಕಿದ್ದರಂತೆ. "ಆ ಹಾಲ್‌ದು ಇನ್ನೊಂದು ವಿಶೇಷ ಇದೆ, ಕೇಳು" ಎಂದರು. ನನಗೆ ರೇಗಿತು. "ನಿಮ್ಮ ಹಾಲಿನ ಕಥೆ ನನಗೆ ಬೇಡ ಕಣ್ರೀ" ಎಂದು ಫೋನು ಇಟ್ಟುಬಿಟ್ಟೆ.

ಅದಾದ ಆರನೆಯ ದಿನ, ಶನಿವಾರ ಬೆಳಿಗ್ಗೆ ಒಂಬತ್ತಕ್ಕೆ ಫೋನು ಬಂತು. ಅಲ್ಲಿ ಆಗ ಹನ್ನೊಂದು ಗಂಟೆ. ಮಾತನಾಡಿದ್ದು ಮುನಿಸಿಪಾಲಿಟಿಯ ಕಾರ್ಯದರ್ಶಿ. ದಕ್ಷಿಣದ ಹಳ್ಳಿಯಲ್ಲಿ ಆಕೆಯ ಕಚೇರಿಯೂ ಮನೆಯೂ ಒಂದೇ ಕಟ್ಟಡದಲ್ಲಿದ್ದವು. ಅದುವರೆಗೆ ನಾನು ಆಕೆಯ ದನಿಯನ್ನೇ ಕೇಳಿರಲಿಲ್ಲ.

"ಡಾಕ್ಟರು ನಿಮಗೇನಾದರೂ ಫೋನು ಮಾಡಿದ್ದರಾ?"

"ಇಲ್ಲ. ಯಾಕೆ?"

ಉತ್ತರದ ಹಳ್ಳಿಯಲ್ಲಿ ಒಬ್ಬ ವೃದ್ಧರಿಗೆ ಉಸಿರಾಟದ ತೊಂದರೆ ಎಂದು ಇವರು ದಕ್ಷಿಣದ ಹಳ್ಳಿಯಿಂದ ಅಲ್ಲಿನ ಎಂಟು ಗಂಟೆಗೆ ಕಾರಿನಲ್ಲಿ ಹೊರಟಿದ್ದಾರೆ. ಹೊರಟ ಸ್ವಲ್ಪ ಹೊತ್ತಿಗೆ ಹಿಮದ ಬಿರುಗಾಳಿ ಎದ್ದಿದೆ. ಇನ್ನೂ ತಲುಪಿಲ್ಲ.

ನಮ್ಮ ಅಡುಗೆಮನೆಯ ಕಿಟಕಿಯಲ್ಲಿ ಎಳೆಬಿಸಿಲು ಬಿದ್ದಿತ್ತು. ಮಳೆಗೆ ಚಿಗುರಿದ ಹಸಿರು ಬೆಟ್ಟ, ದೂರದಲ್ಲಿ ಫ್ರೀವೇಯ ಸದ್ದು. ಕೈಗೆ ಸಿಕ್ಕ ಗ್ರೋಸರಿ ಚೀಲವನ್ನು ಹರಿದು ಹರಡಿ, ಆಕೆ ಹೇಳಿದಂತೆ ಗೆರೆ ಎಳೆದು ಆರು ಮನೆ ಗುರುತು ಹಾಕಿದೆ. ಆಕೆ ಆ ಮನೆಗಳಿಗೆಲ್ಲ ಒಂದೊಂದಾಗಿ ಫೋನು ಮಾಡಿ, ಮತ್ತೆ ನನಗೆ ಮಾಡುತ್ತಿದ್ದಳು. ಮೊದಲನೆಯ ಮನೆಯವರು ಕಾರು ಹೋದದ್ದನ್ನು ನೋಡಿದ್ದರು. ಎರಡನೆಯ ಮನೆಯಲ್ಲಿ ಯಾರೂ ಎತ್ತಲಿಲ್ಲ. ಮೂರನೆಯ ಮನೆಯ ಅಜ್ಜಿ ಕಾರಿನ ದೀಪ ಕಂಡಿದ್ದಳು. ನಾಲ್ಕನೆಯ ಮನೆಯವರು ಬೆಳಗಿನಿಂದ ಕಿಟಕಿಯಲ್ಲೇ ಕೂತಿದ್ದರು. ಅವರಿಗೆ ಏನೂ ಕಂಡಿರಲಿಲ್ಲ.

"ಹಾಗಾದರೆ ಮೂರಕ್ಕೂ ನಾಲ್ಕಕ್ಕೂ ನಡುವೆ ಇದ್ದಾರೆ" ಎಂದಳು. "ಐದು ಮೈಲಿ."

"ಯಾರನ್ನಾದರೂ ಕಳಿಸಿ! ಟ್ರ್ಯಾಕ್ಟರು ಇರುತ್ತಲ್ಲ ನಿಮ್ಮ ಜನರ ಹತ್ತಿರ!"

"ಕಳಿಸುವುದಿಲ್ಲ. ತನ್ನ ಕೈಯೇ ತನಗೆ ಕಾಣದ ಗಾಳಿ ಇದು. ಹೋದವರನ್ನು ಹುಡುಕಲು ಇನ್ನೊಬ್ಬರನ್ನು ಕಳಿಸಬೇಕಾಗುತ್ತದೆ."

ನಾನು ಕಿರುಚಿದೆ. ನಿನ್ನ ಗಂಡನಾಗಿದ್ದರೆ ಹೀಗೆ ಕೂತಿರುತ್ತಿದ್ದೆಯಾ ಎಂದೆ. ನನ್ನ ಕೂಗು ನಿಂತ ಮೇಲೆ ಆಕೆ ಕೇಳಿದಳು: "ಆ ಐದು ಮೈಲಿಯಲ್ಲಿ ನಮ್ಮ ಹಾಲ್ ಇದೆ. ಚಳಿಗಾಲದಲ್ಲಿ ಅದಕ್ಕೆ ಬೀಗ ಹಾಕುವುದಿಲ್ಲ. ಒಲೆ ಇದೆ, ಸೌದೆ ಇದೆ, ಫೋನು ಮಾತ್ರ ಇಲ್ಲ. ಇದು ಡಾಕ್ಟರಿಗೆ ಗೊತ್ತಾ? ಯಾರಾದರೂ ಹೇಳಿದ್ದಾರಾ? ನಿಮಗೇನಾದರೂ ಹೇಳಿದ್ದರಾ?"

ಆ ಭಾನುವಾರ ಅವರು ಹೇಳಹೊರಟದ್ದು ಇದೇ ಇರಬಹುದು. ಇಲ್ಲದಿರಲೂಬಹುದು.

"ಗೊತ್ತಿಲ್ಲ" ಎಂದೆ. "ಅವರು ಏನೋ ಹೇಳೋಕೆ ಬಂದಿದ್ದರು. ನಾನು ಕೇಳಲಿಲ್ಲ."

ಆರು ವರ್ಷದ ಮಗಳು ಹಸಿವೆಂದು ಬಂದಳು. ಅನ್ನಕ್ಕೆ ಇಟ್ಟೆ, ತಳ ಹಿಡಿಯಿತು. ಮೊಸರು ಕಲಸಿ ಕೊಟ್ಟೆ. "ಈಸ್ ಅಪ್ಪ ಲಾಸ್ಟ್?" ಎಂದು ಕೇಳಿದಳು. "ಇಲ್ಲ ಪುಟ್ಟಾ, ಗಾಳಿ ನಿಲ್ಲಲಿ ಅಂತ ಕೂತಿದ್ದಾರೆ" ಎಂದೆ. ಅವಳು ನಂಬಿದಂತೆ ಕಾಣಲಿಲ್ಲ. ನನ್ನ ಸೆರಗಿನ ತುದಿ ಹಿಡಿದುಕೊಂಡು ಅಲ್ಲೇ ನೆಲದ ಮೇಲೆ ಕೂತಳು.

ಹನ್ನೆರಡಕ್ಕೆ ನಾನೇ ಫೋನು ಮಾಡಿದೆ. ಹನ್ನೆರಡೂವರೆಗೆ ಮತ್ತೆ ಮಾಡಿದೆ. ಒಂದಕ್ಕೂ ಮಾಡಿದೆ. ಪ್ರತಿ ಸಲವೂ ಮೊದಲ ರಿಂಗಿಗೇ ಎತ್ತಿ, "ಇನ್ನೂ ಬೀಸುತ್ತಿದೆ" ಎನ್ನುತ್ತಿದ್ದಳು. ಒಂದೂವರೆಗೆ ಮಾಡಿದಾಗ ಮಾತ್ರ ಲೈನು ಸಿಗಲಿಲ್ಲ. ಕಾಲು ಗಂಟೆಯ ಮೇಲೆ ಸಿಕ್ಕಾಗ ಆಕೆಯ ದನಿ ಒಡೆದಿತ್ತು. "ಸುದ್ದಿ ಬಂತಾ?" ಎಂದು ಚೀರಿದೆ. "ಡಾಕ್ಟರ ಸುದ್ದಿ ಇಲ್ಲ" ಎಂದಳು. ಬೇರೇನನ್ನೂ ನಾನು ಕೇಳಲಿಲ್ಲ. ಆ ರೋಗಿ ಯಾರು, ಹೇಗಿದ್ದಾರೆ ಎಂಬುದು ದಿನವಿಡೀ ನನ್ನ ತಲೆಗೇ ಬಂದಿರಲಿಲ್ಲ.

ಎರಡೂವರೆಗೆ ಆಕೆಯೇ ಮಾಡಿದಳು. ಗಾಳಿ ಇಳಿದಿತ್ತು; ನಾಲ್ಕನೆಯ ಮನೆಯವನು ಟ್ರ್ಯಾಕ್ಟರು ತೆಗೆದುಕೊಂಡು ಹೊರಟಿದ್ದ. ಆಮೇಲಿನ ಮುಕ್ಕಾಲು ಗಂಟೆ ನಾನು ಗೋಡೆಗೆ ಒರಗಿ ನಿಂತೇ ಇದ್ದೆ. ಫೋನು ಹೊಡೆದುಕೊಂಡಾಗ ಕೈ ಚಾಚಲು ಹೆದರಿಕೆಯಾಯಿತು. ಮಗಳೇ ಎತ್ತಿ ನನ್ನ ಕಿವಿಗೆ ಹಿಡಿದಳು.

"ಹಾಲ್‌ನಲ್ಲಿದ್ದಾರೆ. ಬದುಕಿದ್ದಾರೆ. ಎಡಗೈಯ ಎರಡು ಬೆರಳು ಮರಗಟ್ಟಿವೆ ಅಷ್ಟೇ."

ಸಂಜೆ ಅವರೇ ಮಾತನಾಡಿದರು. ಕಾರು ಹಳ್ಳಕ್ಕೆ ಜಾರಿತ್ತು. ಬೇಲಿಯ ತಂತಿ ಹಿಡಿದು ನಡೆದು ಹಾಲ್ ಸೇರಿದ್ದರು. ನಾನು ಅಳುತ್ತಾ ಏನೇನೋ ಹೇಳಿದೆ. ಅವರು ಕಡೆಗೆ, "ಅವರ ತಂದೆ ಹೋಗ್ಬಿಟ್ರು ಕಣೇ. ನಾನು ತಲುಪಲೇ ಇಲ್ಲ" ಎಂದರು.

"ಯಾರ ತಂದೆ?"

"ಬೆಳಗಿಂದ ನಿನ್ನ ಹತ್ರ ಮಾತಾಡಿದ್ರಲ್ಲ, ಅವರ ತಂದೆ. ಒಂದೂವರೆ ಹೊತ್ತಿಗೆ, ನಿನ್ನ ಟೈಮಲ್ಲಿ."

ಹದಿನೆಂಟು ಮೈಲಿಯಾಚೆ ತಂದೆ ಉಸಿರಿಗೆ ಒದ್ದಾಡುತ್ತಿದ್ದಾಗ ಆಕೆ ಯಾರನ್ನೂ ರಸ್ತೆಗೆ ಇಳಿಸಿರಲಿಲ್ಲ, ತಾನೂ ಇಳಿದಿರಲಿಲ್ಲ. ನನ್ನ ಬೈಗುಳ ಕೇಳಿಸಿಕೊಂಡು ಕೂತಿದ್ದಳು. ಆಕೆಗೆ ಒಂದು ಕಾಗದ ಬರೆಯಲು ನನಗೆ ಮೂರು ವಾರ ಹಿಡಿಯಿತು. ನಾಲ್ಕು ಸಾಲಿಗಿಂತ ಹೆಚ್ಚು ಬರೆಯಲು ಆಗಲಿಲ್ಲ.

ಜುಲೈಯಲ್ಲಿ ಮಗಳನ್ನು ಕರೆದುಕೊಂಡು ಹೋದೆ. ಆಕೆ ನಾನು ಅಂದುಕೊಂಡಂತೆ ದೊಡ್ಡ ಆಳಲ್ಲ. ನನ್ನ ಭುಜದಷ್ಟು ಎತ್ತರ, ಕೆಂಪಗೆ ಸಿಪ್ಪೆ ಸುಲಿದ ಮೂಗು. ಕಚೇರಿಯ ಮೇಜಿನ ಎದುರು ನಿಂತು, ಆ ದಿನ ನಾನು ಅಂದ ಮಾತಿಗೆ ಕ್ಷಮೆ ಕೇಳಿದೆ.

ಆಕೆ ಮೇಜಿನ ಮೇಲಿನ ಕಾಗದಗಳನ್ನು ಒಂದು ಬದಿಗೆ ಸರಿಸಿದಳು. "ಕಾರಿನ ಕೀಲಿ ಎರಡು ಸಲ ಕೈಗೆ ತೆಗೆದುಕೊಂಡಿದ್ದೆ" ಎಂದಳು. "ಎರಡು ಸಲವೂ ನಿಮ್ಮ ಫೋನು ಬಂತು."

ಹದಿನೈದು ದಿನಕ್ಕೆಂದು ಹೋದವಳು ಆಫೀಸಿಗೆ ಹೇಳಿ ರಜೆ ಬೆಳೆಸಿ, ಮಗಳ ಶಾಲೆ ತೆರೆಯುವವರೆಗೆ ಅಲ್ಲೇ ಉಳಿದೆ.