ದರವಾಜಾ ಕಾಯುವವಳು

ಆಕೆಯ ಮುಖಕ್ಕಿಂತ ಮೊದಲು ನಾನು ಸರಿಯಾಗಿ ನೋಡಿದ್ದು ಆಕೆಯ ಕೈಬೆರಳುಗಳನ್ನು.

ನಾನು ಫಿಸಿಯೊಥೆರಪಿಸ್ಟ್. ಅಮೆರಿಕದ ಮಿಶಿಗನ್ ರಾಜ್ಯದ ಕ್ಯಾಂಟನ್‌ನ ನಮ್ಮ ಕ್ಲಿನಿಕ್ಕಿಗೆ ಬರುವವರಲ್ಲಿ ಹೆಚ್ಚಿನವರು ದಿನವಿಡೀ ಕುರ್ಚಿಯಲ್ಲಿ ಕೂತು ಸೊಂಟ ಹಿಡಿಸಿಕೊಂಡ ಎಂಜಿನಿಯರುಗಳು. ಆಕೆಯೂ ಎಂಜಿನಿಯರೇ. ಕಾರಿನ ಸೀಟುಗಳನ್ನು ಪರೀಕ್ಷಿಸುವ ಲ್ಯಾಬಿನಲ್ಲಿ ಕೆಲಸ. ಎಡಮಂಡಿ ನೋಯುತ್ತದೆ ಎಂದು ಬಂದಿದ್ದಳು. ಮಂಡಿಯ ಮೇಲೆ ಹಳೆಯ ಆಪರೇಷನ್ನಿನ ಗೆರೆ ಇತ್ತು. ನಾನು ಕಾಲನ್ನು ಮಡಿಸಿ ನೋಡುವಾಗ ಆಕೆ ಟೇಬಲ್ಲಿನ ಅಂಚನ್ನು ಗಟ್ಟಿಯಾಗಿ ಹಿಡಿದುಕೊಂಡಳು. ಆಗ ಬೆರಳುಗಳು ಕಂಡವು. ಉಂಗುರದ ಬೆರಳು ಹೊರಕ್ಕೆ ವಾಲಿತ್ತು, ಕಿರುಬೆರಳು ಒಳಕ್ಕೆ ತಿರುಗಿತ್ತು, ಹೆಬ್ಬೆರಳಿನ ಬುಡ ಗಂಟು ಕಟ್ಟಿದಂತೆ ದಪ್ಪಗಿತ್ತು.

"ಬೆರಳುಗಳಿಗೆ ಏನಾಯಿತು?" ಎಂದೆ.

"ಚೆಂಡು," ಎಂದಳು.

ನಾವು ಮಾತಾಡಿದ್ದು ಇಂಗ್ಲಿಷಿನಲ್ಲಿ. ಆದರೆ ಆಕೆಯ ಮಾತುಗಳೆಲ್ಲ ನನಗೆ ನೆನಪಾಗುವುದು ಕನ್ನಡದಲ್ಲೇ.

ಮಂಡಿಯ ಚಿಕಿತ್ಸೆ ನಡೆದ ವಾರಗಳಲ್ಲಿ ಆ ಒಂದು ಪದ ನಿಧಾನವಾಗಿ ಕತೆಯಾಯಿತು. ಆಕೆ ಇರಾನಿನ ಪಶ್ಚಿಮದ ಗುಡ್ಡಗಳ ನಡುವಿನ ಕೆರ್ಮಾನ್‌ಶಾದವಳು. ಅಣ್ಣಂದಿರು ಓಣಿಯಲ್ಲಿ ಆಡುವಾಗ ಗೋಲಿನಲ್ಲಿ ನಿಲ್ಲಲು ಯಾರೂ ಒಪ್ಪುತ್ತಿರಲಿಲ್ಲವಾದ್ದರಿಂದ ತಂಗಿಯನ್ನು ನಿಲ್ಲಿಸುತ್ತಿದ್ದರು. ಅಣ್ಣಂದಿರು ಆಟ ಬಿಟ್ಟರು, ಇವಳು ಬಿಡಲಿಲ್ಲ. ಶಾಲೆಯಲ್ಲಿ ಫುಟ್ಸಾಲ್ ಸೇರಿದಳು. ಒಳಾಂಗಣದಲ್ಲಿ ಐದೈದು ಜನ ಆಡುವ ಫುಟ್‌ಬಾಲ್ ಅದು. ಚೆಂಡು ಚಿಕ್ಕದು, ಪುಟಿಯುವುದು ಕಡಿಮೆ, ಹತ್ತಿರದಿಂದ ಬಡಿದರೆ ಕಲ್ಲಿನಂತೆ ಬರುತ್ತದೆ. ಆಮೇಲೆ ಪ್ರಾಂತದ ತಂಡ, ಅಲ್ಲಿಂದ ಲೀಗ್, ಕೊನೆಗೆ ದೇಶದ ಜೆರ್ಸಿ. ದೇಶಕ್ಕಾಗಿ ಆಡಿದ್ದು ಕೆಲವೇ ಪಂದ್ಯ. ಆದರೆ ಆ ಜೆರ್ಸಿಯ ಬಗ್ಗೆ ಹೇಳುವಾಗ ಟೇಬಲ್ಲಿನ ಮೇಲೆ ಮಲಗಿದ್ದವಳು ಎದ್ದು ಕೂತುಬಿಡುತ್ತಿದ್ದಳು.

ಆಕೆಯ ಅಪ್ಪ ದರ್ಜಿ. ಗಟ್ಟಿ ನೆಲದ ಮೇಲೆ ಜಾರಿ ಬಿದ್ದು ಮಗಳ ಸೊಂಟ, ಮಂಡಿ ಕಪ್ಪಾಗುವುದನ್ನು ನೋಡಿ, ಪ್ಯಾಂಟಿನ ಒಳಗೆ ಸ್ಪಂಜಿನ ಪದರ ಇಟ್ಟು ಹೊಲಿದುಕೊಡುತ್ತಿದ್ದರು. ಆಡುವಾಗ ನೋಡುವ ಭಾಗ್ಯ ಮಾತ್ರ ಅವರಿಗೆ ಇರಲಿಲ್ಲ. ಹೆಂಗಸರ ಪಂದ್ಯ ನಡೆಯುವ ಒಳಾಂಗಣಕ್ಕೆ ಗಂಡಸರಿಗೆ ಪ್ರವೇಶವಿಲ್ಲ. ಅವರು ಹೊರಗೆ ಮೆಟ್ಟಿಲ ಮೇಲೆ ಕೂತು ಕೂಗಾಟವನ್ನು ಕೇಳಿಸಿಕೊಳ್ಳುತ್ತಿದ್ದರಂತೆ.

"ಗೋಲಾದರೆ ಬರುವ ಕೂಗು ಬೇರೆ, ನಾನು ತಡೆದರೆ ಬರುವ ಕೂಗು ಬೇರೆ. ಅಪ್ಪನಿಗೆ ಅದರ ವ್ಯತ್ಯಾಸ ಗೊತ್ತಿತ್ತು. ನಾನು ಹೊರಗೆ ಬರುವಷ್ಟರಲ್ಲಿ ಇಡೀ ಪಂದ್ಯ ಅವರೇ ನನಗೆ ಹೇಳುತ್ತಿದ್ದರು," ಎಂದು ಆಕೆ ನಕ್ಕಳು.

ಎಲ್ಲ ನಿಂತಿದ್ದು ಒಂದು ಲೀಗ್ ಪಂದ್ಯದಲ್ಲಿ. ಎಡಗಾಲು ಚಾಚಿ ಚೆಂಡು ತಡೆದಳು, ಚೆಂಡು ನಿಂತಿತು, ಮಂಡಿಯೊಳಗಿನ ಲಿಗಮೆಂಟ್ ಹರಿಯಿತು. ಆಪರೇಷನ್ ಆಯಿತು, ಮದುವೆಯಾಯಿತು, ಗಂಡನಿಗೆ ಡೆಟ್ರಾಯಿಟ್ ಕಡೆ ಕೆಲಸ ಸಿಕ್ಕಿತು. ಯಾರೂ ಬೀಳ್ಕೊಡುಗೆ ಕೊಡಲಿಲ್ಲ, ಯಾರೂ ಹೂವು ಕೊಡಲಿಲ್ಲ. ಆಟಗಾರ್ತಿಯೊಬ್ಬಳು ಸ್ಟ್ರೆಚರಿನ ಮೇಲೆ ಒಳಾಂಗಣದಿಂದ ಹೊರಬಿದ್ದವಳು ಮತ್ತೆ ಒಳಗೆ ಹೋಗಲೇ ಇಲ್ಲ, ಅಷ್ಟೆ.

ಈಗ ನಮ್ಮ ತಂಡದ ವಿಷಯ ಹೇಳಬೇಕು. ಬಡಾವಣೆಯ ನಾವೊಂದಿಷ್ಟು ಕನ್ನಡದ ಹೆಂಗಸರು ಭಾನುವಾರ ಬೆಳಿಗ್ಗೆ ಒಂದು ಒಳಾಂಗಣದಲ್ಲಿ ಫುಟ್ಸಾಲ್ ಆಡುತ್ತಿದ್ದೆವು. ಮೈ ಕರಗಿಸಲು ಶುರುಮಾಡಿದ್ದು, ಚಟವಾಗಿಬಿಟ್ಟಿತ್ತು. ನಮ್ಮ ಕ್ಯಾಪ್ಟನ್ ಹುಬ್ಬಳ್ಳಿಯ ಒಬ್ಬ ಡಾಕ್ಟರ್. ಆಸ್ಪತ್ರೆಯಲ್ಲಿ ರೋಗಿಗಳಿಗೆ ಅರಿವಳಿಕೆ ಕೊಟ್ಟು ಮಲಗಿಸುವ ಅವರು ಮೈದಾನದಲ್ಲಿ ಯಾರನ್ನೂ ಅರೆಕ್ಷಣ ನಿಲ್ಲಲು ಬಿಡುತ್ತಿರಲಿಲ್ಲ. ನಾನು ಡಿಫೆಂಡರ್. ಗೋಲ್‌ಕೀಪರ್ ಮಾತ್ರ ನಮಗಿರಲಿಲ್ಲ. ಸರದಿಯ ಮೇಲೆ ನಿಲ್ಲುತ್ತಿದ್ದೆವು, ಸರದಿಯ ಮೇಲೆ ಸೋಲುತ್ತಿದ್ದೆವು.

ಚಿಕಿತ್ಸೆಯ ಕೊನೆಯ ದಿನ ಆಕೆಯ ಮಂಡಿಯನ್ನು ನಾಲ್ಕೂ ದಿಕ್ಕಿಗೆ ಪರೀಕ್ಷಿಸಿ, "ಇನ್ನು ಈ ಕಾಲಿಗೆ ಏನೂ ತೊಂದರೆ ಇಲ್ಲ. ಭಾನುವಾರ ನಮ್ಮ ಆಟಕ್ಕೆ ಬರುತ್ತೀಯಾ?" ಎಂದು ಕೇಳಿದೆ.

"ಅದು ಮುಗಿದ ಕತೆ," ಎಂದಳು.

"ನೋಡಲಿಕ್ಕಾದರೂ ಬಾ."

ಬಂದಳು. ಹೊರಗೆ ನೀರು ಹೆಪ್ಪುಗಟ್ಟುವ ಚಳಿ. ಉದ್ದನೆಯ ಕೋಟು ಹಾಕಿಕೊಂಡೇ ಗೋಲಿನ ಬಲೆಯ ಹಿಂದೆ ನಿಂತಳು. ಅವತ್ತು ಗೋಲಿನಲ್ಲಿ ನಿಲ್ಲುವ ಸರದಿ ಡಾಕ್ಟರದ್ದು. ಚೆಂಡು ಬಂದಾಗಲೆಲ್ಲ ಅವರು ಗೋಲಿನ ಗೆರೆಗೆ ಅಂಟಿಕೊಂಡು ಕಣ್ಣು ಮುಚ್ಚುತ್ತಿದ್ದರು. ಸ್ವಲ್ಪ ಹೊತ್ತು ಸಹಿಸಿಕೊಂಡವಳು ಹಿಂದಿನಿಂದ ಕೂಗಿದಳು: "ಮುಂದೆ ಬಾ! ಹಿಂದೆ ನಿಂತರೆ ಗೋಲು ದೊಡ್ಡದಾಗುತ್ತೆ! ಮುಂದೆ ಬಾ!"

ಡಾಕ್ಟರ್ ಸೊಂಟದ ಮೇಲೆ ಕೈಯಿಟ್ಟು ತಿರುಗಿದರು. ನನ್ನ ಕಡೆ ನೋಡಿ, "ಯಾರವ್ವಾ ಈಕಿ? ಇಷ್ಟ್ ಗೊತ್ತಿದ್ರ ತಾನs ಬಂದು ನಿಲ್ಲಲಿ," ಎಂದರು.

ನಾನು ಅನುವಾದ ಮಾಡುವ ಮೊದಲೇ ಆಕೆ ಕೋಟು ಬಿಚ್ಚಿದ್ದಳು. ಒಳಗೆ ಟ್ರ್ಯಾಕ್ ಪ್ಯಾಂಟು. ಕೋಟಿನ ಕಿಸೆಯಿಂದ ತಲೆಗೆ ಬಿಗಿಯಾಗಿ ಕೂರುವ ಕಪ್ಪು ಆಟದ ಸ್ಕಾರ್ಫ್ ತೆಗೆದು ಹಾಕಿಕೊಂಡಳು. ಕ್ಲಿನಿಕ್ಕಿನಲ್ಲಿ ಆಕೆ ಯಾವತ್ತೂ ಸ್ಕಾರ್ಫ್ ಹಾಕಿದ್ದು ನಾನು ನೋಡಿರಲಿಲ್ಲ. ಮುಂದೆ ಒಮ್ಮೆ ಯಾರೋ ಕೇಳಿದಾಗ, "ಇದಿಲ್ಲದೆ ಗೋಲಿನಲ್ಲಿ ನಿಂತು ಗೊತ್ತಿಲ್ಲ. ಕಿವಿಗೆ ಗಾಳಿ ಬಡಿದರೆ ಚೆಂಡು ಸರಿಯಾಗಿ ಕಾಣುವುದಿಲ್ಲ," ಎಂದಿದ್ದಳು. ಅವತ್ತು ನನಗೆ ಹೊಳೆದದ್ದು ಬೇರೆ: ಮುಗಿದ ಕತೆ ಅಂದವಳು ಅದನ್ನು ಕಿಸೆಯಲ್ಲಿ ಇಟ್ಟುಕೊಂಡೇ ಬಂದಿದ್ದಾಳೆ!

"ಟೇಪ್ ಇದೆಯಾ?" ಎಂದು ನನ್ನ ಮುಂದೆ ಕೈ ಚಾಚಿದಳು. ನನ್ನ ಚೀಲದಲ್ಲಿ ಬೇರೇನಿಲ್ಲದಿದ್ದರೂ ಟೇಪ್ ಇರುತ್ತದೆ. ಆ ಸೊಟ್ಟ ಬೆರಳುಗಳಿಗೆ ಒಂದೊಂದಾಗಿ ಸುತ್ತಿದೆ.

ಹೈಸ್ಕೂಲ್ ತಂಡದಲ್ಲಿ ಆಡುವ ನನ್ನ ಮಗಳು ಅವತ್ತು ನಮ್ಮ ಎದುರಿನ ತಂಡದಲ್ಲಿದ್ದಳು. ನಮ್ಮೆಲ್ಲರಿಗಿಂತ ಜೋರಾಗಿ ಒದೆಯುವವಳು ಅವಳೇ. ಚೆಂಡು ಸಿಕ್ಕಿದ್ದೇ ಎಂದಿನಂತೆ ನನ್ನನ್ನು ಸುಲಭವಾಗಿ ದಾಟಿಕೊಂಡು ಹೋಗಿ ಒದ್ದಳು. ಆದರೆ ಒದೆಯುವ ಹೊತ್ತಿಗೆ ಗೋಲ್‌ಕೀಪರ್ ಗೆರೆಯ ಮೇಲಿರಲಿಲ್ಲ. ಮುಂದೆ ನುಗ್ಗಿ, ಒಂದು ಮಂಡಿ ನೆಲಕ್ಕೂರಿ, ಕೈಗಳನ್ನು ಅಗಲಿಸಿ ಎದುರಿಗೇ ನಿಂತಿದ್ದಳು. ಚೆಂಡು ಎದೆಗೆ ಬಡಿದು ಗೋಡೆಗೆ ಬಡಿದಂತೆ ವಾಪಸ್ಸು ಬಂತು. ಮಗಳು ಮತ್ತೊಮ್ಮೆ ಒದ್ದಳು, ಅದು ಮೊಣಕೈಗೆ. ಮೂರನೆಯದನ್ನು ಒದೆಯುವ ಮೊದಲೇ ಆಕೆ ಚೆಂಡಿನ ಮೇಲೆ ಮಲಗಿದ್ದಳು.

"ಅಮ್ಮಾ, ಹೂ ಈಸ್ ಶೀ?" ಎಂದಳು ಮಗಳು, ಬಾಯಿ ತೆರೆದುಕೊಂಡು.

ಡಾಕ್ಟರ್ ಮಾತ್ರ ಯಾವ ಪ್ರಶ್ನೆಯನ್ನೂ ಕೇಳಲಿಲ್ಲ. "ಹಿಂಗ್ ಹಿಡೀತಾಳಂದ್ರ ಆಕೀನ ಇನ್ನ ಬಿಡೂದಿಲ್ರೀ," ಎಂದರು.

ನೆಲದ ಮೇಲೆ ಕೂತು ನೀರು ಕುಡಿಯುವಾಗ ಡಾಕ್ಟರ್, ನಿಮ್ಮ ಭಾಷೆಯಲ್ಲಿ ಗೋಲ್‌ಕೀಪರ್‌ಗೆ ಏನನ್ನುತ್ತಾರೆ ಎಂದು ಕೇಳಿದರು. ಗೋಲಿಗೆ ದರ್ವಾಜೆ, ಅದನ್ನು ಕಾಯುವವಳು ದರ್ವಾಜೆಬಾನ್ ಎಂದಳು ಆಕೆ. ಡಾಕ್ಟರ್ ತೊಡೆ ತಟ್ಟಿಕೊಂಡು ನಕ್ಕರು. "ದರವಾಜಾ ಅಂದ್ರ ನಮ್ಮ ಕಡೀನೂ ಬಾಗಲs!" ಅಲ್ಲಿಂದ ಇಬ್ಬರೂ ಪದ ಹುಡುಕುವುದಕ್ಕೆ ಕೂತರು. ಹುಷಾರ್ ಅಂದರೆ ಅವಳಿಗೂ ಗೊತ್ತು, ಖಾಲಿ ಅಂದರೆ ಅವಳಿಗೂ ಗೊತ್ತು. ಮುಂದಿನ ವಾರದಿಂದ ಅವು ನಮ್ಮ ತಂಡದ ಗುಟ್ಟಿನ ಭಾಷೆಯಾದವು. ಎದುರಾಳಿ ಹಿಂದಿನಿಂದ ಬಂದರೆ "ಹುಷಾರ್!" ನಮ್ಮವರು ಯಾರಿಗಾದರೂ ಜಾಗ ಸಿಕ್ಕಿದ್ದರೆ "ಖಾಲಿ!" ಚೆಂಡು ತನ್ನದು ಎನ್ನಲು ಅವಳೇ ನಮ್ಮಿಂದ ಕಲಿತದ್ದು "ನಂದು!" ಮಿಶಿಗನ್ನಿನ ಎದುರಾಳಿಗಳಿಗೆ ಒಂದೂ ಅರ್ಥವಾಗುತ್ತಿರಲಿಲ್ಲ.

ಆ ಚಳಿಗಾಲ ನಾವು ಗೆಲ್ಲಲು ಕಲಿತೆವು. ಹಿಂದೆ ಅವಳಿದ್ದಾಳೆ ಎಂಬ ಧೈರ್ಯಕ್ಕೆ ಮುಂದಿನವರ ಆಟವೇ ಬದಲಾಯಿತು. ವಸಂತಕ್ಕೆ ಶಿಕಾಗೊ ಹತ್ತಿರದ ಲೈಲ್‌ನಲ್ಲಿ ಮೂವತ್ತು ದಾಟಿದ ಹೆಂಗಸರ ಟೂರ್ನಮೆಂಟ್ ಇದೆ ಎಂದು ಗೊತ್ತಾದಾಗ ಡಾಕ್ಟರ್ ಯಾರನ್ನೂ ಕೇಳದೆ, "ಅಪ್ಲೈ ಮಾಡೀನಿ," ಎಂದು ವಾಟ್ಸಾಪ್‌ನಲ್ಲಿ ಹಾಕಿದರು.

ಎರಡು ವ್ಯಾನುಗಳಲ್ಲಿ ಹೊರಟೆವು. ನನ್ನ ಪಕ್ಕದ ಸೀಟಿನಲ್ಲಿ ಆಕೆ, ಹಿಂದೆ ಮಗಳು. ಇಂಡಿಯಾನಾ ದಾಟುವಾಗ ಆಕೆ, "ಪಂದ್ಯಗಳನ್ನು ಯಾರಾದರೂ ಫೋನಿನಲ್ಲಿ ತೋರಿಸಬಹುದಾ? ಅಪ್ಪ ಕೇಳಿದ್ದಾರೆ," ಎಂದಳು. ಕಿವಿಗೆ ಹೆಡ್‌ಫೋನ್ ಹಾಕಿಕೊಂಡಿದ್ದಾಳೆ ಎಂದು ನಾನಂದುಕೊಂಡಿದ್ದ ಮಗಳು ಹಿಂದಿನಿಂದ, "ಐ'ಲ್ ಡೂ ಇಟ್," ಎಂದಳು.

ಗುಂಪಿನ ಪಂದ್ಯಗಳಲ್ಲೂ ಸೆಮಿಫೈನಲ್‌ನಲ್ಲೂ ನಾವು ಹೆಚ್ಚು ಬೆವರಲಿಲ್ಲ. ಆದರೆ ಅಷ್ಟು ಹೊತ್ತೂ ಇರಾನಿಗೆ ವಿಡಿಯೊ ಕಾಲ್ ಹೋಗಲೇ ಇಲ್ಲ. ಮಧ್ಯಾಹ್ನ ಫೈನಲ್ ಶುರುವಾಗುವ ಸ್ವಲ್ಪ ಮೊದಲು ಸ್ಕ್ರೀನಿನ ಮೇಲೆ ಬಿಳಿ ಮೀಸೆಯ ಮುಖವೊಂದು ಮೂಡಿತು. ಆಕೆ ಓಡಿ ಹೋಗಿ ಫೋನಿನ ಮುಂದೆ ನಿಂತಳು. ಅಪ್ಪ ಏನೋ ಹೇಳಿದರು, ಆಕೆ ಜೋರಾಗಿ ನಕ್ಕಳು.

"ಏನಂದರು?" ಎಂದೆ.

"ಈ ಪ್ಯಾಂಟು ಯಾರು ಹೊಲಿದದ್ದು, ಸೊಂಟದ ಹತ್ತಿರ ಹೊಲಿಗೆ ಸರಿಯಿಲ್ಲ ಅಂತಾರೆ."

ಎದುರಿನ ಶಿಕಾಗೊ ತಂಡದಲ್ಲಿ ಕಾಲೇಜಿನ ದಿನಗಳಿಂದ ಆಡಿದವರೇ ತುಂಬಿದ್ದರು. ಅವರ ಎತ್ತರದ ಸ್ಟ್ರೈಕರ್‌ನ ಹಿಂದೆ ಓಡುವುದು ನನ್ನ ಪಾಲಿನ ಕೆಲಸ. ಅವಳು ಒಮ್ಮೆ ನನ್ನನ್ನು ಬಿಟ್ಟು ತಿರುಗಿದ್ದೇ ಚೆಂಡು ಮೂಲೆ ಸೇರಿತು. ಬೆಂಚಿನ ಬಳಿ ಮಗಳು ಫೋನನ್ನು ಅಲ್ಲಾಡಿಸುತ್ತಿದ್ದುದು ಕಂಡಿತು. ನೆಟ್‌ವರ್ಕ್ ಕೈಕೊಟ್ಟು ಚಿತ್ರ ಒಂದಿಷ್ಟು ಹೊತ್ತು ನಿಂತುಬಿಟ್ಟಿತ್ತು. ನಾನು ತಲೆ ತಗ್ಗಿಸಿಕೊಂಡು ಗೋಲಿನ ಹತ್ತಿರ ಹೋದೆ. ಆಕೆ ಬೈಯಲಿಲ್ಲ. ನನ್ನ ಎರಡೂ ಭುಜ ಹಿಡಿದು ಅರ್ಧ ಅಡಿ ಎಡಕ್ಕೆ ಸರಿಸಿದಳು. "ಇಲ್ಲಿ ನಿಲ್ಲು. ಅವಳು ಬಲಕ್ಕೆ ಮಾತ್ರ ತಿರುಗುತ್ತಾಳೆ."

ಆಮೇಲೆ ಆ ಸ್ಟ್ರೈಕರ್ ನನ್ನನ್ನು ಅಷ್ಟು ಸುಲಭವಾಗಿ ದಾಟಲಿಲ್ಲ. ದಾಟಿದಾಗಲೂ ಹಿಂದೆ ಆಕೆಯಿದ್ದಳು. ಪಾದದಿಂದ, ಮೊಣಕೈಯಿಂದ, ಒಮ್ಮೆ ಗಲ್ಲದಿಂದ ತಡೆದಳು. ಡಾಕ್ಟರ್ ಮೂಲೆಯಿಂದ ಬಂದ ಚೆಂಡನ್ನು ಒಳಗೆ ತಳ್ಳಿ ಸಮ ಮಾಡಿದರು. ಎರಡನೆಯ ಅರ್ಧದಲ್ಲಿ ಆಕೆ ಒಂದು ಚೆಂಡು ಹಿಡಿದವಳೇ "ಖಾಲಿ!" ಎಂದು ಕೂಗಿ ಇಡೀ ಅಂಕಣದ ಉದ್ದಕ್ಕೂ ಎಸೆದಳು. ಅಲ್ಲಿ ಖಾಲಿ ಜಾಗದಲ್ಲಿ ಇದ್ದವಳು ನಾನು. ಯಾಕೆ ಅಲ್ಲಿದ್ದೆನೋ ನನಗೂ ಗೊತ್ತಿಲ್ಲ. ಕಾಲು ಚಾಚಿದೆ, ಚೆಂಡು ಮೊಣಕಾಲಿನ ಕೆಳಗೆ ತಗುಲಿ ಒಳಗೆ ಹೋಯಿತು. ನಾನು ಕಿರುಚಿದ್ದು ಪಾರ್ಕಿಂಗ್ ಲಾಟಿಗೂ ಕೇಳಿಸಿರಬೇಕು.

ಆಟ ಮುಗಿಯಲು ನಿಮಿಷವೂ ಉಳಿದಿರಲಿಲ್ಲ, ನಾನು ಆ ಸ್ಟ್ರೈಕರ್‌ಗೆ ಕಾಲು ಅಡ್ಡ ಹಾಕಿಬಿಟ್ಟೆ. ಆ ಅರ್ಧದಲ್ಲಿ ನಮ್ಮ ತಂಡದ ಆರನೆಯ ಫೌಲ್ ಅದು. ಫುಟ್ಸಾಲ್‌ನಲ್ಲಿ ಆರನೆಯದಕ್ಕೆ ಶಿಕ್ಷೆ ದೊಡ್ಡದು: ಗೋಲಿನ ಎದುರಿಗೇ ಚೆಂಡಿಟ್ಟು ಒದೆಯುತ್ತಾರೆ, ನಾವ್ಯಾರೂ ಅಡ್ಡ ನಿಲ್ಲುವಂತಿಲ್ಲ. ಒದೆಯುವವಳು, ಗೋಲ್‌ಕೀಪರ್, ಇಬ್ಬರೇ.

ಆಕೆ ಗೋಲಿನ ಗೆರೆಯಲ್ಲಿ ನಿಲ್ಲಲಿಲ್ಲ. ನಿಯಮ ಬಿಡುವಷ್ಟು ಮುಂದಕ್ಕೆ ಬಂದು, ಅಪ್ಪ ಹೇಳಿದ್ದಕ್ಕೋ ಏನೋ, ಪ್ಯಾಂಟನ್ನು ಒಮ್ಮೆ ಮೇಲೆಳೆದುಕೊಂಡು ನಿಂತಳು. ಸ್ಟ್ರೈಕರ್ ಓಡಿ ಬಂದು ಕೆಳಗೆ ಎಡಮೂಲೆಗೆ ಬಡಿದಳು. ಆಕೆಯ ಎಡಗಾಲು ನೆಲದುದ್ದಕ್ಕೂ ಚಾಚಿಕೊಂಡಿತು. ಅದೇ ಕಾಲು. ಎಲ್ಲರೂ ಚೆಂಡನ್ನು ನೋಡಿದರು, ನಾನು ಮಂಡಿಯನ್ನು ನೋಡಿದೆ. ಚೆಂಡು ಬೂಟಿಗೆ ಬಡಿದು ಚಾವಣಿಯತ್ತ ಹಾರಿತು. "ನಂದು! ನಂದು!" ಎಂಬ ಕೂಗು ಕೇಳಿಸಿತು. ಮಲಗಿದ್ದವಳು ಆ ಮಂಡಿಯ ಮೇಲೇ ಎದ್ದು, ನೆಗೆದು, ಎರಡೂ ಕೈಯಲ್ಲಿ ಚೆಂಡನ್ನು ಬಾಚಿಕೊಂಡಳು. ಹೂಟರ್ ಕೂಗಿತು.

ಡಾಕ್ಟರ್ ಅಳುತ್ತ ಓಡಿದರು. "ಏನ್ ಹಿಡದಳ್ರೀ ನಮ್ಮಾಕಿ! ಏನ್ ಹಿಡದಳು!" ನಾವೆಲ್ಲ ಆಕೆಯ ಮೇಲೆ ಬಿದ್ದೆವು. ಶಿಕಾಗೊದ ಸ್ಟ್ರೈಕರ್ ಕೂಡ ಬಂದು ಅಪ್ಪಿಕೊಂಡಳು. ಆ ಗದ್ದಲದೊಳಗೆ ನನ್ನ ಮಗಳು ನುಗ್ಗಿ ಫೋನನ್ನು ಆಕೆಯ ಮುಖಕ್ಕೆ ಹಿಡಿದಳು. "ಹೀ ಸಾ ಇಟ್! ಹೀ ಸಾ ದ ಸೇವ್!"

ಅಪ್ಪ ಸ್ಕ್ರೀನಿನ ಹತ್ತಿರಕ್ಕೆ ಬಾಗಿದರು. ಅಲ್ಲಿ ರಾತ್ರಿಯಾಗಿದ್ದರೂ ಅಳತೆಯ ಟೇಪು ಇನ್ನೂ ಅವರ ಕೊರಳಲ್ಲೇ ಇತ್ತು. ಆಮೇಲೆ ನಿಧಾನವಾಗಿ ಎರಡು ಮಾತು ಹೇಳಿದರು. ಆಕೆ ಬೆವರಿದ ಮುಖವನ್ನು ತೋಳಿನಿಂದ ಒರೆಸಿಕೊಳ್ಳುತ್ತ ನಮ್ಮ ಕಡೆ ತಿರುಗಿದಳು.

"ಆ ಮೊದಲ ಗೋಲು ಆಗಿಯೇ ಇಲ್ಲವಂತೆ. ತಾನು ನೋಡಿದ ಆಟದಲ್ಲಿ ಮಗಳಿಗೆ ಯಾರೂ ಗೋಲು ಹೊಡೆದಿಲ್ಲವಂತೆ."

ಲೈಲ್‌ನಿಂದ ಲೆಮಾಂಟ್ ಊರು ಹತ್ತಿರ. ಅಲ್ಲಿನ ಹಿಂದೂ ದೇವಸ್ಥಾನದ ಕ್ಯಾಂಟೀನಿಗೆ ಹೋಗಿ ಎಲ್ಲರೂ ಪುಳಿಯೋಗರೆ, ಮೊಸರನ್ನ ತಿಂದೆವು. ಕೊರಳಲ್ಲಿ ಮೆಡಲ್ ಹಾಕಿಕೊಂಡ ನಡುವಯಸ್ಸಿನ ಹೆಂಗಸರನ್ನು ನೋಡಿ ಬಡಿಸುತ್ತಿದ್ದ ಆಂಟಿಯೊಬ್ಬರು, "ಏನಮ್ಮಾ, ಯಾವುದರಲ್ಲಿ ಗೆದ್ರಿ?" ಎಂದು ವಿಚಾರಿಸಿ, ಕೇಳದೆಯೇ ಆಕೆಯ ತಟ್ಟೆಗೆ ಇನ್ನೊಂದು ಸೌಟು ಹಾಕಿದರು. ಮೇಜಿನ ಕೆಳಗೆ ನಾನು ಆಕೆಯ ಮಂಡಿಗೆ ಐಸ್ ಕಟ್ಟಿದೆ. ಊತ ಸ್ವಲ್ಪವೂ ಇರಲಿಲ್ಲ. ನನಗೆ ಆ ಮೆಡಲಿಗಿಂತ ಅದೇ ಹೆಚ್ಚು ಹೆಮ್ಮೆ ತಂದಿತು.

ಈಗ ಶನಿವಾರಗಳಂದು ಕ್ಯಾಂಟನ್‌ನಲ್ಲಿ ಹುಡುಗಿಯರಿಗೆ ಗೋಲ್‌ಕೀಪಿಂಗ್ ಕಲಿಸುತ್ತಾಳೆ. ಈ ವರ್ಷ ಬೇರೆ ರಾಜ್ಯಗಳ ಮೇಲೆ ಆಡುವ ಮಿಶಿಗನ್ ತಂಡಕ್ಕೂ ಆಯ್ಕೆಯಾಗಿದ್ದಾಳೆ. ಭಾನುವಾರ ಮಾತ್ರ ನಮ್ಮವಳೇ. ಕಳೆದ ವಾರ ನಾನು ಚೆಂಡು ಬಿಟ್ಟು ಯಾರದೋ ಹೊಸ ಶೂ ನೋಡುತ್ತ ನಿಂತಿದ್ದೆ. ಹಿಂದಿನಿಂದ ಪರ್ಷಿಯನ್, ಇಂಗ್ಲಿಷ್, ಹುಬ್ಬಳ್ಳಿ ಕನ್ನಡ ಮೂರೂ ಬೆರೆತ ಬೈಗುಳವೊಂದು ಬಂತು. ನಾನು ನಗುತ್ತಲೇ ಓಡಿದೆ.