ಪೆನ್ನು ಕೆಳಗಿಡಿ

ಲೇವಾರ್ಡನ್ ಊರಿನ ಶಾಲೆಯಲ್ಲಿ ಭೌತವಿಜ್ಞಾನ ಹೇಳಿಕೊಡುತ್ತಿದ್ದ ಯಿಟ್ಸ್ಕೆ ಟೀಚರು ಹುಟ್ಟಾ ಎಡಚಿ. ಚಿಕ್ಕಂದಿನಲ್ಲಿ ಮೇಷ್ಟರು ಎಡಗೈ ಗೆಣ್ಣಿಗೆ ಹೊಡೆದು ಹೊಡೆದು ಬಲಗೈಯಲ್ಲಿ ಬರೆಯುವುದನ್ನು ಕಲಿಸಿದ್ದರು.

ತಿರುಗುವ ಚಕ್ರದ ಕೋನೀಯ ಸಂವೇಗಕ್ಕೆ ಒಂದು ದಿಕ್ಕಿದೆ. ಚಕ್ರ ತಿರುಗುವ ಕಡೆಗೆ ಬಲಗೈ ಬೆರಳು ಮಡಿಸಿದರೆ ಹೆಬ್ಬೆರಳು ತೋರಿಸಿದ್ದೇ ಆ ದಿಕ್ಕು. ಆದರೆ ಕಾಲೇಜು ಪರೀಕ್ಷೆಯ ದಿನ ಯಿಟ್ಸ್ಕೆಯ ಬಲಗೈಯಲ್ಲಿ ಪೆನ್ನಿತ್ತು. ಖಾಲಿ ಇದ್ದ ಎಡಗೈಯನ್ನೇ ಮಡಿಸಿದರು. ದಿಕ್ಕು ತೋರಿಸಲು ಬರೆದ ಬಾಣಗಳೆಲ್ಲ ಉಲ್ಟಾ ಆಗಿ ಫೇಲಾದರು.

ಟೀಚರಾದ ಮೇಲೆ ಪ್ರತಿ ಪರೀಕ್ಷೆಯಲ್ಲೂ ಗದರುತ್ತಿದ್ದರು: "ಮೊದ್ಲು ಪೆನ್ನು ಕೆಳಗಿಡ್ರೋ, ಆಮೇಲೆ ಬೆರಳು ಮಡಿಸಿ!" ಕೇಳುವವರು ಯಾರು? ಆ ವರ್ಷ ಇಪ್ಪತ್ತೆಂಟು ಮಕ್ಕಳಲ್ಲಿ ಒಂದು ಬಾಣವನ್ನೂ ತಪ್ಪಾಗಿ ಬರೆಯದವಳು ಫೆಮ್ಕೆ ಒಬ್ಬಳೇ.

ಮರುವಾರ ಅವಳ ಅಪ್ಪ, ದೋಣಿ ಕಟ್ಟುವ ಸಿಬ್ರಂಡ್, ಟೋಪಿ ಕೈಯಲ್ಲಿ ಹಿಡಿದು ಬಂದ.

"ಅಮ್ಮಾವ್ರೇ, ನಮ್ ಹುಡುಗಿ ಎಡಗೈಲಿ ಬರೀತಾಳೆ, ಪುಸ್ತಕಕ್ಕೆಲ್ಲ ಶಾಯಿ ಮೆತ್ತಿರ್ತಾಳೆ. ನಾಲ್ಕು ಬಿಟ್ಟಾದ್ರೂ ಪೆನ್ನು ಬಲಗೈಗೆ ಹಿಡಿಸಿ."

ಟೀಚರು ತಮ್ಮ ಎಡಗೈ ಗೆಣ್ಣು ಸವರಿಕೊಂಡರು.

"ಅದೊಂದು ಆಗಲ್ಲ ಸಿಬ್ರಂಡ್. ಅವಳ ಬಲಗೈಗೆ ಬೇರೆ ಕೆಲಸ ಇದೆ."