ಪೊಲೀಸಿನವನು, ಪಾದ್ರಿ, ಜಡ್ಜ್ ಮತ್ತು ನಾನು

ನಡೆದದ್ದು ಇಷ್ಟೇ: ನಾನು ಮಾತು ಮರೆತೆ. ಅದನ್ನು ಜನ ಅಭಿನಯ ಎಂದರೆ ಅದು ಅವರ ದೊಡ್ಡ ಮನಸ್ಸು.

ಅಮೆರಿಕದ ನೋವೈ ಊರಿನಲ್ಲಿರುವ ಮಗಳ ಮನೆಗೆ ಬಂದ ಮೇಲೆ ನನಗೆ ಒಬ್ಬ ನಟ ಅಭ್ಯಾಸವಾದ. ಬ್ರಿಟನ್ನಿನವನು. ಮನೆಯವರೆಲ್ಲ ಹೊರಟ ಮೇಲೆ ಟಿವಿ ಹಾಕಿದರೆ ಯಾವುದೋ ಧಾರಾವಾಹಿಯಲ್ಲೋ ಸಿನಿಮಾದಲ್ಲೋ ಸಿಗುತ್ತಾನೆ. ಕಪ್ಪು ಬಿಳುಪಿನಲ್ಲಿ ಸಣ್ಣ ಮೀಸೆಯ ಪೊಲೀಸಿನವನು, ಬಣ್ಣ ಬಂದ ಮೇಲೆ ಪಾದ್ರಿ, ತಲೆ ಬೋಳಾದ ಮೇಲೆ ಜಡ್ಜ್, ಈಚಿನದರಲ್ಲಿ ಯಾರದೋ ತಾತ. ಬೆಳಿಗ್ಗೆ ಹುಡುಗ, ಊಟದ ಹೊತ್ತಿಗೆ ಮುದುಕ. ಜನ್ಮವಿಡೀ ದುಡಿದಿದ್ದಾನೆ, ಹೀರೋ ಆದದ್ದನ್ನು ನಾನು ಕಾಣೆ. ನನಗೆ ಇಂಗ್ಲಿಷ್ ಬಾರದು, ಹಾಗಾಗಿ ಅವನ ಕೈ ನೋಡುತ್ತೇನೆ. ಬೇರೆಯವರು ಮಾತಾಡುವಾಗ ಕನ್ನಡಕ ಒರೆಸುತ್ತಾನೆ, ಟೀಗೆ ಹಾಕಿದ ಸಕ್ಕರೆ ಕದಡುತ್ತಾನೆ. ಸುಮ್ಮನೆ ಕೂರುವ ಆಸಾಮಿಯಲ್ಲ.

ಕನ್ನಡ ಸಂಘದ ನಾಟಕದಲ್ಲಿ ಮೊಮ್ಮಗಳಿಗೆ ಮೊದಲ ಸಲ ದೊಡ್ಡ ಪಾತ್ರ ಸಿಕ್ಕಿತು: ಮದುವೆ ಬೇಡವೆನ್ನುವ ಹುಡುಗಿ. ಅವಳ ಅಜ್ಜಿಯ ಪಾತ್ರಕ್ಕೆ ಯಾರೂ ಸಿಗದೆ ನನ್ನನ್ನು ಹಿಡಿದರು. ನನಗೆ ಒಂದೇ ಮಾತು: "ನಿನ್ನ ಮನಸ್ಸಲ್ಲಿ ಏನಿದೆ, ಹೇಳೇ." ಅಷ್ಟು ಹೇಳಿದ ಮೇಲೆಯೇ ಅವಳ ಉದ್ದನೆಯ ಮಾತು ಶುರು. ನಾನು ಎಡವಿದರೆ ಕೆಡುವುದು ಅವಳದು.

ಇಲ್ಲಿ ಹುಟ್ಟಿದ ಮಕ್ಕಳು ಓದಲೆಂದು ಕನ್ನಡ ನಾಟಕವನ್ನು ಇಂಗ್ಲಿಷ್ ಅಕ್ಷರದಲ್ಲಿ ಟೈಪ್ ಮಾಡಿದ್ದರು. ನಾನು ಓದಿದ್ದು ಮೂರನೇ ಕ್ಲಾಸು, ಅದೂ ಕನ್ನಡ.

"ಇದನ್ನ ನಾನೇನ್ ಮಾಡ್ಲಿ? ಒಲೆಗೆ ಹಾಕ್ಲಾ?" ಎಂದೆ.

"ಒಂದೇ ಲೈನ್ ಅಲ್ವಾ ಅಮ್ಮ, ಬಾಯಿಪಾಠ ಮಾಡು," ಎಂದಳು ಮಗಳು.

"ಅಜ್ಜಿ, ಪ್ಲೀಸ್, ಡೋಂಟ್ ಮೆಸ್ ಅಪ್," ಎಂದಳು ಮೊಮ್ಮಗಳು.

"ಮೊದ್ಲು ನಿನ್ನ ನಾಲಿಗೆ ಹೊರಳ್ಸೋದು ಕಲಿ, ಆಮೇಲೆ ನಂಗೆ ಹೇಳು."

ನಾಟಕದ ದಿನ ಲೈಟು ಮುಖಕ್ಕೆ ಹೊಡೆಯಿತು, ನನ್ನ ಮಾತು ಹಾರಿಹೋಯಿತು. ನಾಟಕ ಆಡಿಸುತ್ತಿದ್ದ ಹುಡುಗ ಪರದೆಯ ಮರೆಯಿಂದ ಏನೋ ಪಿಸುಗುಟ್ಟಿದ. ನನ್ನ ಕಿವಿಗೆ ಅದೆಲ್ಲಿ ಬೀಳಬೇಕು? ಎದುರಿಗೆ ಮೊಮ್ಮಗಳ ಮುಖ ಬಿಳಿಚಿಕೊಂಡಿತು. ಕೈಯಲ್ಲಿ ಕಾಫಿಯ ಖಾಲಿ ಲೋಟವಿತ್ತು. ಆ ನಟನ ಹಾಗೆ ಅದನ್ನು ಸೆರಗಿನಲ್ಲಿ ಒರೆಸತೊಡಗಿದೆ, ನಿಧಾನವಾಗಿ, ಅಂಚು, ಒಳಗೆ, ತಳ. ಅಷ್ಟರಲ್ಲಿ ಮಾತು ನೆನಪಾದೀತು ಎಂದುಕೊಂಡಿದ್ದೆ. ಆಗಲಿಲ್ಲ. ಲೋಟವನ್ನು ಅವಳ ಮುಂದಿಟ್ಟು ಅವಳನ್ನೇ ನೋಡಿದೆ.

"ಹೇಳ್ತೀನಿ ಅಜ್ಜಿ," ಎಂದು ಅವಳೇ ಶುರುಮಾಡಿದಳು. ಒಂದಕ್ಷರ ತಪ್ಪಲಿಲ್ಲ. ಕೊನೆಗೆ ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಅವಳು ಎಲ್ಲರೆದುರೇ ನನ್ನನ್ನು ತಬ್ಬಿಕೊಂಡಳು, ನನ್ನ ಸೀರೆಗೆಲ್ಲ ಅವಳ ಮುಖದ ಬಣ್ಣ.

"ಆಂಟಿ, ಲೋಟ ಒರ್ಸಿದ್ದು ಸೂಪರ್! ಯಾರು ಹೇಳ್ಕೊಟ್ರು?" ಎಂದ ಆ ಹುಡುಗ.

"ನಮ್ಮ ಜಡ್ಜ್ ಸಾಹೇಬ್ರು," ಎಂದೆ. ಅವನು ನನ್ನ ಮಗಳ ಮುಖ ನೋಡಿದ.

ಮರುದಿನ ಬೆಳಿಗ್ಗೆ ಎಲ್ಲರೂ ಮಲಗಿದ್ದಾಗಲೇ ಕಾಫಿ ಮಾಡಿಕೊಂಡು ಟಿವಿ ಹಾಕಿದೆ. ಆತ ಜಡ್ಜ್ ಆಗಿ ಕೂತು ಕನ್ನಡಕ ಒರೆಸುತ್ತಿದ್ದ. ಹಿಂದಕ್ಕೆ ಓಡಿಸಿ ಮತ್ತೆ ನೋಡಿದೆ, ಇವನೂ ಮಾತು ಮರೆತಿದ್ದನೋ ಏನೋ ಎಂದು.